ಯುದ್ಧದ ನಡುವೆ ನಗೆ: ಲಿಂಕನ್ ಮತ್ತು ಅವರ ಕಾಲದ ಹಾಸ್ಯಬರಹ

ಕಳೆದ ಸಂಚಿಕೆಯ ಈ ಅಂಕಣದಲ್ಲಿ, ಗುಲಾಮಗಿರಿಯನ್ನು ಉಳಿಸಿಕೊಳ್ಳಲು ಬಂಡೆದ್ದ ದಕ್ಷಿಣದ ರಾಜ್ಯಗಳಿಗೂ ಉತ್ತರದ ರಾಜ್ಯಗಳಿಗೂ ನಡೆದ ಅಮೆರಿಕದ ಅಂತರ್ಯುದ್ಧದ ದಿನಗಳಲ್ಲಿ ಅಧ್ಯಕ್ಷ ಅಬ್ರಹಾಂ ಲಿಂಕನ್ ಗುಲಾಮರ ವಿಮೋಚನೆಯ ಘೋಷಣೆಯನ್ನು ಸಂಪುಟದ ಮುಂದಿಡುವ ಮೊದಲು ಒಂದು ಹಾಸ್ಯಲೇಖನವನ್ನು ಗಟ್ಟಿಯಾಗಿ ಓದಿದರು ಎಂದು ಒಂದೇ ವಾಕ್ಯದಲ್ಲಿ ಹೇಳಿ ಮುಂದೆ ಹೋಗಿದ್ದೆ. ಆ ವಾಕ್ಯ ಅನೇಕ ಓದುಗರನ್ನು ತಡೆದು ನಿಲ್ಲಿಸಿದೆ. ಕೆಲವರು ಸಂಗತಿ ನಿಜವೇ ಎಂದು ಕೇಳಿದ್ದಾರೆ, ಕೆಲವರಿಗೆ ಅದು ಬೇಸರ ತಂದಿದೆ, ಇನ್ನು ಕೆಲವರು ಆ ಕಾಲದ ಹಾಸ್ಯಬರಹಗಾರರ ಬಗ್ಗೆ ಹೆಚ್ಚು ತಿಳಿಯಬಯಸಿದ್ದಾರೆ. ಪ್ರಶ್ನೆಗಳೆಲ್ಲ ಒಂದೇ ವಿಷಯಕ್ಕೆ ಸೇರಿದ್ದರಿಂದ ಈ ಬಾರಿಯ ಅಂಕಣವನ್ನು ಪೂರ್ತಿಯಾಗಿ ಅದಕ್ಕೇ ಮೀಸಲಿಟ್ಟಿದ್ದೇನೆ.

ಪ್ರಶ್ನೆ: ಘೋರವಾದ ಕದನವೊಂದು ಮುಗಿದು ವಾರವೂ ಕಳೆಯದಿರುವಾಗ ದೇಶದ ಅಧ್ಯಕ್ಷರು ಸಚಿವರನ್ನು ಕೂರಿಸಿಕೊಂಡು ನಗೆಬರಹ ಓದಿದರು ಎಂಬುದಕ್ಕೆ ಆಧಾರವೇನು? ನಿಜವಾಗಿದ್ದರೆ ಅದು ಹೃದಯಹೀನತೆ ಅಲ್ಲವೇ?

ಉತ್ತರ: ಆಧಾರ ಗಟ್ಟಿಯಾಗಿದೆ. ಖಜಾನೆ ಸಚಿವ ಸಾಲ್ಮನ್ ಚೇಸ್ ಅವರು 1862ರ ಸೆಪ್ಟೆಂಬರ್ 22ರ ಸಂಪುಟ ಸಭೆಯನ್ನು ತಮ್ಮ ದಿನಚರಿಯಲ್ಲಿ ವಿವರವಾಗಿ ದಾಖಲಿಸಿದ್ದಾರೆ. ಚೇಸ್ ಲಿಂಕನ್ನರ ಭಕ್ತರೇನೂ ಆಗಿರಲಿಲ್ಲ. ಅಧ್ಯಕ್ಷ ಪದವಿಯ ಮೇಲೆ ಅವರಿಗೇ ಕಣ್ಣಿತ್ತು. ಆದ್ದರಿಂದ ಅವರು ಅಧ್ಯಕ್ಷರನ್ನು ಮೆರೆಸಲು ಕಥೆ ಕಟ್ಟಿದರೆಂದು ಅನುಮಾನಿಸುವ ಕಾರಣವಿಲ್ಲ. ಆರ್ಟಿಮಸ್ ವಾರ್ಡ್ ತಮಗೆ ತನ್ನ ಪುಸ್ತಕವನ್ನು ಕಳುಹಿಸಿದ್ದಾನೆಂದು ಅಧ್ಯಕ್ಷರು ಹೇಳಿದರು, ತಮಗೆ ತುಂಬ ತಮಾಷೆಯೆನಿಸಿದ ಒಂದು ಅಧ್ಯಾಯವನ್ನು ಓದಿದರು, ಓದುತ್ತ ಬಹಳ ಸಂತೋಷಪಟ್ಟರು, ಯುದ್ಧ ಸಚಿವ ಸ್ಟ್ಯಾಂಟನ್ ಒಬ್ಬರನ್ನು ಬಿಟ್ಟು ಉಳಿದವರೂ ಸಂತೋಷಪಟ್ಟರು ಎಂದು ಚೇಸ್ ಬರೆದಿದ್ದಾರೆ. ಅದಕ್ಕೆ ಐದು ದಿನ ಮುಂಚೆ, ಸೆಪ್ಟೆಂಬರ್ 17ರಂದು, ಮೇರಿಲ್ಯಾಂಡಿನ ಆಂಟೀಟಮ್ ಎಂಬಲ್ಲಿ ಒಂದೇ ದಿನದಲ್ಲಿ ಎರಡೂ ಕಡೆಯವರು ಸೇರಿ ಸುಮಾರು 23,000 ಸೈನಿಕರು ಸತ್ತೋ ಗಾಯಗೊಂಡೋ ಕಾಣೆಯಾಗಿಯೋ ಹೋಗಿದ್ದರು. ತಾವು ಕೇಳಿರುವ ಪ್ರಶ್ನೆ ಹುಟ್ಟುವುದು ಸಹಜ.

ಆ ಅಧ್ಯಾಯದಲ್ಲಿ ಏನಿತ್ತು ಎಂಬುದನ್ನು ಹೇಳಿಬಿಡುತ್ತೇನೆ, ಏಕೆಂದರೆ ಅದನ್ನು ತಿಳಿಯದೆ ತೀರ್ಪು ಕೊಡುವುದು ಸರಿಯಲ್ಲ. ಆರ್ಟಿಮಸ್ ವಾರ್ಡ್ ಎಂಬುದು ಮೇಯ್ನ್ ರಾಜ್ಯದಲ್ಲಿ 1834ರಲ್ಲಿ ಹುಟ್ಟಿದ ಪತ್ರಕರ್ತ ಚಾರ್ಲ್ಸ್ ಫೆರಾರ್ ಬ್ರೌನ್ ಕಟ್ಟಿಕೊಂಡ ವೇಷ. ಈ ವಾರ್ಡ್ ಮೇಣದ ಗೊಂಬೆಗಳನ್ನೂ ಕೆಲವು ಪ್ರಾಣಿಗಳನ್ನೂ ಹೊತ್ತು ಊರೂರು ಸುತ್ತಿ ಪ್ರದರ್ಶನ ಕೊಡುವವನು, ಅಕ್ಷರ ಕಲಿತದ್ದು ಅಷ್ಟಕ್ಕಷ್ಟೆ, ಕಾಗುಣಿತ ಬಾರದು, ಆದರೂ ಬರೆಯುವ ಹುಮ್ಮಸ್ಸು ಮಾತ್ರ ಅಪಾರ. ಅವನು ನ್ಯೂಯಾರ್ಕ್ ರಾಜ್ಯದ ಯೂಟಿಕಾ ಪಟ್ಟಣಕ್ಕೆ ಬರುತ್ತಾನೆ. ಕ್ರಿಸ್ತನ ಕಡೆಯ ಭೋಜನದ ಗೊಂಬೆಗಳನ್ನು ನೋಡಲು ಬಂದ ದಾಂಡಿಗನೊಬ್ಬ, ಕ್ರಿಸ್ತನಿಗೆ ದ್ರೋಹ ಬಗೆದ ಶಿಷ್ಯ ಜೂದಾಸನ ಗೊಂಬೆಯನ್ನು ಕಾಲು ಹಿಡಿದು ಎಳೆದು ನೆಲಕ್ಕೆ ಕೆಡವಿ ಗುದ್ದತೊಡಗುತ್ತಾನೆ. ಅದು ಬರೀ ಮೇಣದ ಗೊಂಬೆ ಎಂದು ವಾರ್ಡ್ ಬೊಬ್ಬೆ ಹಾಕಿದರೂ ಕೇಳುವುದಿಲ್ಲ. ಜೂದಾಸ ಯೂಟಿಕಾದಲ್ಲಿ ಮುಖ ತೋರಿಸಿ ದಕ್ಕಿಸಿಕೊಳ್ಳುವ ಹಾಗಿಲ್ಲ ಎಂದು ಹೇಳಿ ಗೊಂಬೆಯ ತಲೆಯನ್ನೇ ಜಜ್ಜಿಹಾಕುತ್ತಾನೆ. ಆ ತರುಣ ಊರಿನ ದೊಡ್ಡ ಮನೆತನದವನು. ವಾರ್ಡ್ ದಾವೆ ಹೂಡುತ್ತಾನೆ, ನ್ಯಾಯದರ್ಶಿಗಳು ವಿಚಾರಿಸಿ, ಮೂರನೆಯ ದರ್ಜೆಯ ಬೆಂಕಿ ಹಚ್ಚಿದ ಅಪರಾಧ ಎಂದು ತೀರ್ಮಾನ ಕೊಡುತ್ತಾರೆ. ಅಲ್ಲಿಗೆ ಮುಗಿಯಿತು.

ಇದರಲ್ಲಿ ಯುದ್ಧದ ಮಾತಿಲ್ಲ, ಸತ್ತವರ ಮಾತಿಲ್ಲ, ಯಾರನ್ನೂ ಕೀಳುಮಾಡುವ ಮಾತಿಲ್ಲ. ನಿಜವಾದ ದ್ರೋಹಿಯನ್ನು ಏನೂ ಮಾಡಲಾಗದೆ ಅವನ ಗೊಂಬೆಗೆ ಹೊಡೆದು ಧರ್ಮ ಉಳಿಸಿದೆನೆಂದು ಬೀಗುವ ಸಿಟ್ಟಿನ ಹುಚ್ಚುತನ ಇದೆ. ವಾಷಿಂಗ್ಟನ್ನಿನಲ್ಲಿ ಅಂಥ ಸಿಟ್ಟನ್ನು ದಿನವೂ ಕಾಣುತ್ತಿದ್ದ ಮನುಷ್ಯನಿಗೆ ಅದು ಏಕೆ ಹಿಡಿಸಿತೆಂದು ಊಹಿಸುವುದು ಕಷ್ಟವಲ್ಲ ಎಂದು ನನಗೆ ತೋರುತ್ತದೆ.

ಚೇಸ್ ಮುಂದೆ ಬರೆಯುವುದು ಇನ್ನೂ ಮುಖ್ಯ. ಓದು ಮುಗಿದ ಮೇಲೆ ಅಧ್ಯಕ್ಷರ ದನಿ ಗಂಭೀರವಾಯಿತು. ಬಂಡಾಯದ ಸೇನೆಯನ್ನು ಮೇರಿಲ್ಯಾಂಡಿನಿಂದ ಹೊರಗಟ್ಟಿದ ಕೂಡಲೇ ಘೋಷಣೆ ಹೊರಡಿಸುವುದಾಗಿ ತಾವು ಯಾರಿಗೂ ಹೇಳದೆ ಮಾತು ಕೊಟ್ಟುಕೊಂಡಿದ್ದರೆಂದು ಅವರು ತಿಳಿಸಿದರು. ಯಾರಿಗೆ ಕೊಟ್ಟ ಮಾತು? ‘ನನಗೆ ನಾನೇ, ಮತ್ತು’ ಎಂದು ತುಸು ತಡೆದು, ‘ನನ್ನ ಸೃಷ್ಟಿಕರ್ತನಿಗೆ’ ಎಂದರಂತೆ. ಆ ತಡವರಿಕೆಯನ್ನು ಚೇಸ್ ಆವರಣದೊಳಗೆ ಗುರುತಿಸಿದ್ದಾರೆ. ಮೂಲ ವಿಷಯದಲ್ಲಿ ತಮಗೆ ಸಲಹೆ ಬೇಕಿಲ್ಲ, ಅದನ್ನು ತಾವೇ ನಿರ್ಧರಿಸಿಯಾಗಿದೆ, ಮಾತುಗಳಲ್ಲಿ ತಿದ್ದುಪಡಿ ಇದ್ದರೆ ಹೇಳಬಹುದು ಎಂದೂ ಅವರು ಸ್ಪಷ್ಟಪಡಿಸಿದರು. ತಪ್ಪಿಸಿಕೊಳ್ಳುವವನು ನಗೆಯನ್ನು ಮುಂದಿಟ್ಟು ವಿಷಯವನ್ನು ಹಿಂದಕ್ಕೆ ತಳ್ಳುತ್ತಾನೆ. ಇಲ್ಲಿ ನಗೆ ಮುಗಿದ ಮರುಗಳಿಗೆಗೆ, 1863ರ ಜನವರಿ 1ರಿಂದ ಬಂಡಾಯದ ಪ್ರದೇಶಗಳ ಗುಲಾಮರು ಸ್ವತಂತ್ರರು ಎಂಬ ಕಾಗದ ಮೇಜಿನ ಮೇಲೆ ಬಂದಿದೆ. ಹೃದಯಹೀನತೆಯ ಆರೋಪವನ್ನು ನಾನು ಒಪ್ಪದಿರುವುದು ಈ ಕಾರಣಕ್ಕೆ.

ನಗೆಯ ಅಗತ್ಯದ ಬಗ್ಗೆ ಲಿಂಕನ್ನರೇ ಹೇಳಿದ ಮಾತೊಂದನ್ನು ಚಿತ್ರಕಾರ ಫ್ರಾನ್ಸಿಸ್ ಕಾರ್ಪೆಂಟರ್ 1866ರ ತಮ್ಮ ಪುಸ್ತಕದಲ್ಲಿ ಕೊಟ್ಟಿದ್ದಾರೆ. ಓಹಾಯೊ ರಾಜ್ಯದ ಕಾಂಗ್ರೆಸ್ ಸದಸ್ಯ ಜೇಮ್ಸ್ ಆಶ್ಲಿ ಒಂದು ಸೋಲಿನ ನಂತರ ಅಧ್ಯಕ್ಷರನ್ನು ಕಾಣಲು ಬಂದಾಗ ಲಿಂಕನ್ ಯಾವುದೋ ಕಥೆಯನ್ನು ಶುರುಮಾಡಿದರು. ತಾನು ಕಥೆ ಕೇಳಲು ಬಂದಿಲ್ಲ, ಇದು ಅಂಥ ಹೊತ್ತಲ್ಲ ಎಂದು ಆಶ್ಲಿ ಎದ್ದು ನಿಂತರು. ಲಿಂಕನ್ನರ ಮುಖದಿಂದ ನಗೆ ಆರಿತು. ಕುಳಿತುಕೊಳ್ಳಲು ಹೇಳಿ, ಯುದ್ಧ ಶುರುವಾದಂದಿನಿಂದ ತಾನು ಅನುಭವಿಸುತ್ತಿರುವುದಕ್ಕಿಂತ ಹೆಚ್ಚಿನ ಕಳವಳ ಆಶ್ಲಿಗೂ ಇರಲಾರದೆಂದೂ, ಆಗೊಮ್ಮೆ ಈಗೊಮ್ಮೆ ಈ ದಾರಿಯಲ್ಲಿ ಬೇಗೆಯನ್ನು ಹೊರಹಾಕದಿದ್ದರೆ ಸತ್ತೇ ಹೋಗುತ್ತಿದ್ದೆನೆಂದೂ ಹೇಳಿದರು. ಇದೇ ಅರ್ಥದ ಮಾತನ್ನು ಅವರು ಸೆಪ್ಟೆಂಬರ್ 22ರ ಸಭೆಯಲ್ಲೂ ಆಡಿದರೆಂಬ ಹೇಳಿಕೆ ಬಹಳ ಕಡೆ ಉದ್ಧೃತವಾಗಿದೆ. ಅದು ಚೇಸ್ ದಿನಚರಿಯಲ್ಲಿಲ್ಲ, ವರ್ಷಗಳ ನಂತರದ ನಿರೂಪಣೆಗಳಲ್ಲಿ ಬಂದದ್ದು. ಆದ್ದರಿಂದ ಅದನ್ನು ಆ ದಿನದ ಲೆಕ್ಕಕ್ಕೆ ಹಾಕದಿರುವುದು ಒಳ್ಳೆಯದು.

ಪ್ರಶ್ನೆ: ನ್ಯಾಸ್ಬಿ ಎಂಬ ಹಾಸ್ಯಬರಹಗಾರನಿಗಾಗಿ ಲಿಂಕನ್ ತಮ್ಮ ಪದವಿಯನ್ನೇ ಬಿಟ್ಟುಕೊಡಲು ಸಿದ್ಧರಿದ್ದರು ಎಂದು ಓದಿದೆ. ಆತ ಯಾರು?

ಉತ್ತರ: ಬರಹಗಾರನಿಗಾಗಿ ಅಲ್ಲ, ಹಾಗೆ ಬರೆಯುವ ಪ್ರತಿಭೆ ಸಿಗುವುದಾದರೆ ಪದವಿಯನ್ನು ಸಂತೋಷದಿಂದ ಬಿಟ್ಟುಕೊಡುತ್ತಿದ್ದೆ ಎಂದು ಲಿಂಕನ್ ಹೇಳಿದ್ದನ್ನು ಸೆನೆಟರ್ ಚಾರ್ಲ್ಸ್ ಸಮ್ನರ್ ದಾಖಲಿಸಿದ್ದಾರೆ.

ಪೆಟ್ರೋಲಿಯಂ ವಿ. ನ್ಯಾಸ್ಬಿ ಕೂಡ ಒಂದು ವೇಷವೇ. ಓಹಾಯೊ ರಾಜ್ಯದ ಫಿಂಡ್ಲೆ ಎಂಬ ಪಟ್ಟಣದಲ್ಲಿ ಪತ್ರಿಕೆ ನಡೆಸುತ್ತಿದ್ದ ಡೇವಿಡ್ ರಾಸ್ ಲಾಕ್ 1862ರಲ್ಲಿ ಅವನನ್ನು ಹುಟ್ಟಿಸಿದರು. ಉತ್ತರದ ರಾಜ್ಯಗಳಲ್ಲೇ ಇದ್ದುಕೊಂಡು ಯುದ್ಧವನ್ನು ವಿರೋಧಿಸುತ್ತ, ದಕ್ಷಿಣದ ಗುಲಾಮಗಿರಿಯ ಜೊತೆ ರಾಜಿಯಾಗಬೇಕೆನ್ನುತ್ತಿದ್ದವರನ್ನು ‘ಕಾಪರ್‌ಹೆಡ್’ ಎಂಬ ವಿಷದ ಹಾವಿನ ಹೆಸರಿನಿಂದ ಕರೆಯುತ್ತಿದ್ದರು. ನ್ಯಾಸ್ಬಿ ಅಂಥವರಲ್ಲಿ ಒಬ್ಬ: ಕುಡುಕ, ಸೋಮಾರಿ, ತನ್ನನ್ನು ತಾನೇ ಧರ್ಮಬೋಧಕನೆಂದು ಕರೆದುಕೊಳ್ಳುವವನು, ಒಂದು ಅಂಚೆ ಕಚೇರಿಯ ಹುದ್ದೆಗಾಗಿ ಜೊಲ್ಲು ಸುರಿಸುವವನು. ಲಾಕ್ ಅವನನ್ನು ಹೊರಗಿನಿಂದ ಬೈಯಲಿಲ್ಲ. ಅವನ ಬಾಯಿಂದಲೇ ಅವನ ಪಕ್ಷದ ವಾದವನ್ನು ಉತ್ಸಾಹದಿಂದ ಹೇಳಿಸಿದರು. ಓದುಗನಿಗೆ ವಾದದ ಹುಳುಕು ತಾನಾಗಿ ಕಾಣುತ್ತಿತ್ತು.

ಸೇನೆಗೆ ಕಡ್ಡಾಯ ಭರ್ತಿಯ ಆಜ್ಞೆ ಹೊರಟಾಗ ನ್ಯಾಸ್ಬಿ ತನ್ನನ್ನು ಏಕೆ ಸೇರಿಸಿಕೊಳ್ಳಬಾರದೆಂದು ಕಾರಣಗಳನ್ನು ಪಟ್ಟಿಮಾಡುತ್ತಾನೆ. ತಲೆ ಬೋಳಾಗಿ 22 ವರ್ಷದಿಂದ ಟೋಪನ್ನು ಧರಿಸುತ್ತಿದ್ದಾನೆ, ಉಳಿದ ಅಷ್ಟಿಷ್ಟು ಕೂದಲಿನಲ್ಲೂ ಹೊಟ್ಟಿದೆ, ಹಲ್ಲುಗಳೆಲ್ಲ ಹಾಳಾಗಿವೆ, ಎದೆ ಗೂಡಾಗಿದೆ. ಇವುಗಳ ನಡುವೆ, ಸ್ಟ್ಯಾಂಟನ್ನರ ಭರ್ತಿ ಆಜ್ಞೆ ಬಂದ ಮೇಲೆ ಒಂದು ಕಣ್ಣು ಪೂರ್ತಿ ಹೋಗಿಬಿಟ್ಟಿದೆ ಎಂಬುದೂ ಒಂದು ಕಾರಣ. ‘ಆಜ್ಞೆ ಬಂದ ಮೇಲೆ’ ಎಂಬ ಅಷ್ಟೇ ಮಾತಿನಲ್ಲಿ ಇಡೀ ಮನುಷ್ಯ ಬಯಲಾಗುತ್ತಾನೆ.

ಪತ್ರದ ರೂಪದಲ್ಲಿ ಬರುತ್ತಿದ್ದ ನ್ಯಾಸ್ಬಿಯ ಈ ಬರಹಗಳನ್ನು ಲಿಂಕನ್ ಮೇಜಿನ ಬಳಿಯಲ್ಲೂ ಜೇಬಿನಲ್ಲೂ ಇಟ್ಟುಕೊಳ್ಳುತ್ತಿದ್ದರು. 1864ರ ನವೆಂಬರ್ 8ರ ರಾತ್ರಿ, ತಾವು ಮತ್ತೆ ಆಯ್ಕೆಯಾಗುತ್ತೇವೋ ಇಲ್ಲವೋ ಎಂಬುದನ್ನು ತಿಳಿಸುವ ತಂತಿ ಸಂದೇಶಗಳು ಯುದ್ಧ ಇಲಾಖೆಗೆ ಒಂದೊಂದಾಗಿ ಬರುತ್ತಿದ್ದಾಗ, ಅವರು ಹಳದಿ ರಟ್ಟಿನ ತೆಳು ಪುಸ್ತಕವೊಂದನ್ನು ಜೇಬಿನಿಂದ ತೆಗೆದು, ತಂತಿಗೂ ತಂತಿಗೂ ನಡುವೆ ನ್ಯಾಸ್ಬಿಯ ಪುಟಗಳನ್ನು ಓದಿ ಹೇಳುತ್ತಿದ್ದರು. ಆ ಕೋಣೆಯಲ್ಲಿದ್ದ ಸಹಾಯಕ ಯುದ್ಧ ಸಚಿವ ಚಾರ್ಲ್ಸ್ ಡೇನಾ ಇದನ್ನು ನೆನೆದು ಬರೆದಿದ್ದಾರೆ. ಸ್ಟ್ಯಾಂಟನ್ ತಮ್ಮನ್ನು ಪಕ್ಕದ ಕೋಣೆಗೆ ಕರೆದೊಯ್ದು, ದೇಶದ ಭವಿಷ್ಯ ತೂಗುತ್ತಿರುವಾಗ ಇದೆಂಥ ಹುಡುಗಾಟ ಎಂದು ಕೆರಳಿದರಂತೆ. ಸ್ಟ್ಯಾಂಟನ್ನರನ್ನು ಕಂಡರೆ ನನಗೆ ಗೌರವವಿದೆ. ಆ ಯುದ್ಧದ ಆಡಳಿತದ ಭಾರ ಹೊತ್ತವರು ಅವರು. ಆದರೆ ಆ ರಾತ್ರಿ ಮತ ಎಣಿಕೆಯಾಗುತ್ತಿದ್ದದ್ದು ನ್ಯಾಸ್ಬಿಯಂಥವರ ವಾದ ಗೆಲ್ಲಬೇಕೋ ಸೋಲಬೇಕೋ ಎಂಬುದರ ಮೇಲೆಯೇ, ಆದ್ದರಿಂದ ಓದುತ್ತಿದ್ದ ಪುಸ್ತಕಕ್ಕೂ ಬರುತ್ತಿದ್ದ ತಂತಿಗೂ ಸಂಬಂಧವಿರಲಿಲ್ಲ ಎನ್ನುವಂತಿಲ್ಲ.

ಲಿಂಕನ್ನರ ಕೊಲೆಯಾದ ಮೇಲೂ ಲಾಕ್ ಈ ವೇಷವನ್ನು ಕಳಚಲಿಲ್ಲ. ಶೋಕಪತ್ರ ಬರೆಯಲು ಕುಳಿತ ನ್ಯಾಸ್ಬಿ, ಕೊಲೆಗಡುಕನ ಕೈ ‘ಗೊರಿಲ್’ ಮೇಲೆ ಎಂದು ಶುರುಮಾಡಿ, ನಡುವೆ ನಿಲ್ಲಿಸಿ, ‘ರಾಷ್ಟ್ರದ ಶಿರಸ್ಸಿನ ಮೇಲೆ’ ಎಂದು ತಿದ್ದಿಕೊಳ್ಳುತ್ತಾನೆ. ಕೊಂದವನನ್ನು ‘ದೇಶಭ’ ಎನ್ನಹೊರಟು ‘ನೀಚ ಕೊಲೆಗಡುಕ’ ಎಂದು ಬದಲಿಸುತ್ತಾನೆ. ನಿನ್ನೆಯವರೆಗೆ ಅಧ್ಯಕ್ಷರನ್ನು ಗೊರಿಲ್ಲಾ ಎಂದು ಕರೆದವರು ರಾತ್ರೋರಾತ್ರಿ ಕಪ್ಪು ಪಟ್ಟಿ ಕಟ್ಟಿಕೊಂಡದ್ದನ್ನು ಹಿಡಿದಿಡಲು ಎರಡು ಅರ್ಧಶಬ್ದಗಳು ಸಾಕಾದವು. ಆ ಕಾಲದ ರಾಜಕೀಯ ವಿಡಂಬನೆಯಲ್ಲಿ ಇದಕ್ಕಿಂತ ಹರಿತವಾದದ್ದನ್ನು ನಾನು ಓದಿಲ್ಲ.

ಪ್ರಶ್ನೆ: ಲಿಂಕನ್ನರ ಹಾಸ್ಯವನ್ನು ಆಗಿನ ಜನ ಮೆಚ್ಚಿದರೇ? ಈಗ ನಾವು ಮೆಚ್ಚುವುದು ಅವರು ಹುತಾತ್ಮರಾದರೆಂಬ ಕಾರಣಕ್ಕೆ ಇರಬಹುದಲ್ಲವೇ?

ಉತ್ತರ: ತಮ್ಮ ಅನುಮಾನದಲ್ಲಿ ಹುರುಳಿದೆ. ಬದುಕಿದ್ದಾಗ ಆ ಹಾಸ್ಯ ಅವರಿಗೆ ದುಬಾರಿಯಾಯಿತು. 1862ರ ಡಿಸೆಂಬರಿನಲ್ಲಿ ಫ್ರೆಡರಿಕ್ಸ್‌ಬರ್ಗಿನ ಭೀಕರ ಸೋಲಿನ ನಂತರ, 1863ರ ಜನವರಿ 3ರ ‘ಹಾರ್ಪರ್ಸ್ ವೀಕ್ಲಿ’ ಒಂದು ವ್ಯಂಗ್ಯಚಿತ್ರ ಪ್ರಕಟಿಸಿತು. ರಾಷ್ಟ್ರಮಾತೆ ಕೊಲಂಬಿಯಾ ಅಧ್ಯಕ್ಷರ ಮುಂದೆ ನಿಂತು, ಫ್ರೆಡರಿಕ್ಸ್‌ಬರ್ಗಿನಲ್ಲಿ ಕೊಲೆಯಾದ ನನ್ನ 15,000 ಮಕ್ಕಳೆಲ್ಲಿ ಎಂದು ಕೇಳುತ್ತಾಳೆ. ಲಿಂಕನ್, ಇದರಿಂದ ನನಗೊಂದು ಸಣ್ಣ ತಮಾಷೆ ನೆನಪಾಗುತ್ತದೆ ಎನ್ನುತ್ತಾರೆ. ನಿನ್ನ ತಮಾಷೆಯನ್ನು ಸ್ಪ್ರಿಂಗ್‌ಫೀಲ್ಡಿಗೆ (ಲಿಂಕನ್ನರ ಊರು) ಹೋಗಿ ಹೇಳು ಎಂದು ಅವಳು ಗದರುತ್ತಾಳೆ. ಗಮನಿಸಿ, ಇದು ಶತ್ರುಪಕ್ಷದ ಪತ್ರಿಕೆಯಲ್ಲ, ಉತ್ತರದ ಬಹು ಜನಪ್ರಿಯ ವಾರಪತ್ರಿಕೆ.

1864ರ ಚುನಾವಣೆಯಲ್ಲಿ ಇದಕ್ಕಿಂತ ಕೆಟ್ಟದ್ದು ನಡೆಯಿತು. ಆಂಟೀಟಮ್ ರಣಭೂಮಿಯಲ್ಲಿ, ಹೆಣಗಳ ನಡುವೆ ಗಾಡಿಯಲ್ಲಿ ಹೋಗುತ್ತ, ಲಿಂಕನ್ ತಮ್ಮ ಸ್ನೇಹಿತ ವಾರ್ಡ್ ಹಿಲ್ ಲ್ಯಾಮನ್‌ಗೆ ಹಾಸ್ಯಗೀತೆ ಹಾಡಲು ಹೇಳಿದರೆಂದು ವಿರೋಧಿ ಪತ್ರಿಕೆಗಳು ಬರೆದವು. ಲ್ಯಾಮನ್ ಕೆರಳಿ ಉತ್ತರ ಸಿದ್ಧಪಡಿಸಿದಾಗ, ಅದರ ದನಿ ಬಿರುಸಾಯಿತೆಂದು ಲಿಂಕನ್ನರೇ ಅವರ ಹೆಸರಿನಲ್ಲಿ ಇನ್ನೊಂದನ್ನು ಬರೆದುಕೊಟ್ಟರು. ಅದರ ಪ್ರಕಾರ ಭೇಟಿ ನಡೆದದ್ದು ಅಕ್ಟೋಬರಿನ ಆರಂಭದಲ್ಲಿ, ಯುದ್ಧವಾಗಿ 16 ದಿನಗಳ ಮೇಲೆ, ಸ್ಥಳ ರಣಭೂಮಿಯಾಗಿರಲಿಲ್ಲ, ಅಧ್ಯಕ್ಷರು ಕೇಳಿದ್ದು ಒಂದು ದುಃಖದ ಹಾಡನ್ನು, ಆಮೇಲೆ ಬೇರೆ ಯಾರೋ ಕೇಳಿದ್ದಕ್ಕೆ ಲ್ಯಾಮನ್ ಎರಡು ಮೂರು ತಮಾಷೆಯ ಪದ ಹಾಡಿದರು, ಇಡೀ ಪ್ರವಾಸದಲ್ಲಿ ಒಂದು ಹೆಣವಾಗಲಿ, ತೋಡಿದ ಮೇಲೆ ಮಳೆ ಬೀಳದ ಒಂದು ಸಮಾಧಿಯಾಗಲಿ ಕಣ್ಣಿಗೆ ಬೀಳಲಿಲ್ಲ. ಇಷ್ಟು ಎಚ್ಚರದಿಂದ ಬರೆದ ಈ ಉತ್ತರವನ್ನು ಅವರು ಪ್ರಕಟಿಸಗೊಡಲಿಲ್ಲ. ಆ ಸುಳ್ಳು ಅವರನ್ನು ಎಷ್ಟು ಆಳವಾಗಿ ನೋಯಿಸಿತ್ತು ಎಂಬುದಕ್ಕೆ ಸಮಾಧಿಯ ಮೇಲಿನ ಮಳೆಯ ಆ ವಿವರವೇ ಸಾಕ್ಷಿ.

ಷೇಕ್ಸ್‌ಪಿಯರ್ ನಾಟಕಗಳ ಬಗ್ಗೆ ನಟ ಜೇಮ್ಸ್ ಹ್ಯಾಕೆಟ್‌ಗೆ ಬರೆದ ಖಾಸಗಿ ಪತ್ರ ಬಹಿರಂಗವಾಗಿ ಪತ್ರಿಕೆಗಳು ಗೇಲಿ ಮಾಡಿದಾಗ, 1863ರ ನವೆಂಬರ್ 2ರಂದು ಅವರು ಹ್ಯಾಕೆಟ್‌ಗೆ ಬರೆದ ಸಾಲುಗಳು ಇವು: ‘ಹೆಚ್ಚು ದ್ವೇಷವಿಲ್ಲದ ಗೇಲಿಯನ್ನು ನಾನು ಬಹಳ ಸಹಿಸಿದ್ದೇನೆ, ಗೇಲಿಯಿಂದ ಪೂರ್ತಿ ಮುಕ್ತವಲ್ಲದ ಪ್ರೀತಿಯನ್ನೂ ಬಹಳ ಪಡೆದಿದ್ದೇನೆ. ನನಗೆ ಅದು ರೂಢಿಯಾಗಿದೆ.’

ಪ್ರಶ್ನೆ: ಲಿಂಕನ್ ಬೇರೆಯವರ ಹಾಸ್ಯ ಓದುತ್ತಿದ್ದರು, ಹಳೆಯ ಕಥೆ ಹೇಳುತ್ತಿದ್ದರು, ಸರಿ. ಬರಹಗಾರರಾಗಿ ಅವರಿಗೆ ಸ್ವಂತ ಹಾಸ್ಯ ಇತ್ತೇ?

ಉತ್ತರ: ಇತ್ತು, ಮತ್ತು ಅದನ್ನು ಹುಡುಕಬೇಕಾದದ್ದು ಅವರ ಹೆಸರಿನಲ್ಲಿ ಮಾರಾಟವಾಗುವ ನಗೆಹನಿ ಪುಸ್ತಕಗಳಲ್ಲಲ್ಲ, ಪತ್ರಗಳಲ್ಲಿ ಮತ್ತು ತಂತಿಗಳಲ್ಲಿ.

ಮೊದಲಿಗೆ, ಅವರು ತಮ್ಮನ್ನೇ ಗುರಿಯಾಗಿಸಿಕೊಂಡು ಮಾಡಿದ ಹಾಸ್ಯ. 1848ರ ಜುಲೈ 27ರಂದು, ಪ್ರತಿನಿಧಿ ಸಭೆಯ ಸದಸ್ಯರಾಗಿದ್ದಾಗ, ಎದುರು ಪಕ್ಷದ ಅಧ್ಯಕ್ಷೀಯ ಅಭ್ಯರ್ಥಿ ಲೂಯಿಸ್ ಕ್ಯಾಸ್‌ರನ್ನು ಅವರ ಪಕ್ಷದವರು ಯುದ್ಧವೀರನೆಂದು ಹೊಗಳುತ್ತಿದ್ದುದಕ್ಕೆ ಉತ್ತರವಾಗಿ, ತಾನೂ ಬ್ಲ್ಯಾಕ್ ಹಾಕ್ ಯುದ್ಧದ (1832ರಲ್ಲಿ ಮೂಲನಿವಾಸಿಗಳ ವಿರುದ್ಧ ನಡೆದದ್ದು) ವೀರನೇ ಎಂದರು. ತಾನು ಕಾಡು ಈರುಳ್ಳಿಯ ಮೇಲೆ ದಾಳಿ ಮಾಡಿದ್ದೇನೆ, ಸೊಳ್ಳೆಗಳ ಜೊತೆ ಅನೇಕ ರಕ್ತಮಯ ಹೋರಾಟ ನಡೆಸಿದ್ದೇನೆ, ರಕ್ತ ಸುರಿದು ಮೂರ್ಛೆ ಹೋಗದಿದ್ದರೂ ಬಹಳ ಸಲ ಹಸಿದಿದ್ದೆನೆಂಬುದು ನಿಜ ಎಂದರು. ಅದು ಮೆಕ್ಸಿಕೋ ಯುದ್ಧ ಆಗಷ್ಟೇ ಮುಗಿದಿದ್ದ ಕಾಲ, ಸೈನಿಕ ಕೀರ್ತಿ ಮತವಾಗಿ ಮಾರ್ಪಡುತ್ತಿದ್ದ ಕಾಲ. ಅಂಥ ಹೊತ್ತಿನಲ್ಲಿ ಸುಳ್ಳು ಶೌರ್ಯವನ್ನು ಬಿಚ್ಚಿಡಲು ಅವರು ತಮ್ಮ ಶೌರ್ಯವನ್ನೇ ಮೊದಲು ಬಿಚ್ಚಿಟ್ಟರು.

ಅಧ್ಯಕ್ಷರಾದ ಮೇಲೆ ಈ ಗುಣ ಸೇನಾಧಿಪತಿಗಳಿಗೆ ಬರೆದ ಪತ್ರಗಳಲ್ಲಿ ಹೊಸ ಕೆಲಸಕ್ಕೆ ಬಂತು. ಜನರಲ್ ಜೋಸೆಫ್ ಹೂಕರ್ 1863ರ ಜೂನಿನಲ್ಲಿ ರಾಪಹಾನಕ್ ನದಿ ದಾಟಿ ದಾಳಿ ಮಾಡಲು ಯೋಚಿಸುತ್ತಿದ್ದಾಗ, ಜೂನ್ 5ರಂದು ಲಿಂಕನ್ ಹೀಗೆ ಎಚ್ಚರಿಸಿದರು: ಬೇಲಿಯನ್ನು ಅರ್ಧ ಹಾರಿ ಸಿಕ್ಕಿಕೊಂಡ ಎತ್ತಿನ ಹಾಗೆ ನದಿಯ ಮೇಲೆ ಸಿಕ್ಕಿಬೀಳಬೇಡಿ, ಅದನ್ನು ಹಿಂದೆ ಮುಂದೆ ನಾಯಿಗಳು ಹರಿದುಹಾಕುವಾಗ ಮುಂದಕ್ಕೆ ಹಾಯಲೂ ಆಗದು, ಹಿಂದಕ್ಕೆ ಒದೆಯಲೂ ಆಗದು. ಒಂಬತ್ತು ದಿನ ಕಳೆದ ಮೇಲೆ, ದಕ್ಷಿಣದ ಸೇನಾಧಿಪತಿ ಲೀ ಅವರ ಸೇನೆಯ ತಲೆ ಮಾರ್ಟಿನ್ಸ್‌ಬರ್ಗಿನಲ್ಲಿದ್ದು ಬಾಲ ಫ್ರೆಡರಿಕ್ಸ್‌ಬರ್ಗಿನ ಬಳಿ ಇದ್ದರೆ ಆ ಪ್ರಾಣಿ ಎಲ್ಲೋ ಒಂದೆಡೆ ತೀರ ಸಪುರವಾಗಿರಲೇಬೇಕು, ಅಲ್ಲಿ ಅದನ್ನು ಮುರಿಯಲಾಗದೇ ಎಂದು ಕೇಳಿದರು. ಹಳ್ಳಿಗಾಡಿನಲ್ಲಿ ಬೆಳೆದವನ ಈ ಚಿತ್ರಗಳು ನಗು ತರಿಸುತ್ತವೆ. ಆದರೆ ಒಂದೊಂದೂ ಕರಾರುವಾಕ್ಕಾದ ಸೈನಿಕ ವಿಚಾರ. ನಕ್ಷೆಯ ಮೇಲೆ ಉದ್ದಕ್ಕೆ ಚಾಚಿಕೊಂಡ ಸೇನೆ ನಡುವೆ ದುರ್ಬಲ ಎಂಬುದನ್ನು ಇಷ್ಟು ಬೇಗ ಮನಸ್ಸಿಗೆ ನಾಟಿಸುವ ಬೇರೆ ದಾರಿ ಇಲ್ಲ. ಮರುವರ್ಷದ ಆಗಸ್ಟ್ 17ರಂದು, ವರ್ಜೀನಿಯಾದಲ್ಲಿ ಮುತ್ತಿಗೆ ಹಾಕಿ ಕುಳಿತಿದ್ದ ಉತ್ತರದ ಸೇನಾಧಿಪತಿ ಗ್ರಾಂಟ್‌ಗೆ ಕಳುಹಿಸಿದ ತಂತಿ ಇನ್ನೂ ಚಿಕ್ಕದು: ಬುಲ್‌ಡಾಗಿನ ಹಿಡಿತದಿಂದ ಹಿಡಿದಿರಿ, ಆದಷ್ಟು ಅಗಿಯಿರಿ, ಉಸಿರು ಕಟ್ಟಿಸಿರಿ. ಉತ್ತರದಲ್ಲಿ ಎಲ್ಲರೂ ಕಂಗೆಟ್ಟಿದ್ದ ತಿಂಗಳದು. ಗ್ರಾಂಟ್ ಅದನ್ನು ಓದಿ ನಕ್ಕು, ಅಧ್ಯಕ್ಷರಿಗೆ ಅವರ ಸಲಹೆಗಾರರೆಲ್ಲರಿಗಿಂತ ಹೆಚ್ಚು ಎದೆಗಾರಿಕೆಯಿದೆ ಎಂದರೆಂದು ಅವರ ಸಹಾಯಕ ಹೊರೇಸ್ ಪೋರ್ಟರ್ ಬರೆದಿದ್ದಾರೆ.

ಹಾಸ್ಯ ಗಾಯ ಮಾಡಿದ್ದೂ ಉಂಟು. ಆಂಟೀಟಮ್ ನಂತರ ಐದು ವಾರ ಕದಲದೆ ಕುಳಿತ ಜನರಲ್ ಮೆಕ್‌ಕ್ಲೆಲನ್ ತಮ್ಮ ಕುದುರೆಗಳಿಗೆ ನಾಲಿಗೆ ಹುಣ್ಣಾಗಿ ದಣಿದಿವೆ ಎಂದು ವರದಿ ಮಾಡಿದಾಗ, ಆಂಟೀಟಮ್ ಯುದ್ಧವಾದ ಮೇಲೆ ದಣಿವಾಗುವಂಥದ್ದೇನನ್ನು ನಿಮ್ಮ ಕುದುರೆಗಳು ಮಾಡಿವೆ ಎಂದು ಕೇಳಿದರೆ ಕ್ಷಮಿಸುವಿರಾ ಎಂದು ಲಿಂಕನ್ ಬರೆದರು. ಮೆಕ್‌ಕ್ಲೆಲನ್ ನೊಂದು ಉತ್ತರಿಸಿದಾಗ, ಯಾರಿಗೂ ಅನ್ಯಾಯ ಮಾಡುವುದು ತನ್ನ ಉದ್ದೇಶವಲ್ಲ, ಮಾಡಿದ್ದರೆ ಆಳವಾಗಿ ವಿಷಾದಿಸುತ್ತೇನೆ ಎಂದು ಮತ್ತೆ ಬರೆದರು. ವಿಷಾದಿಸಿದರೆಂದು ನಿರ್ಧಾರ ಬದಲಾಗಲಿಲ್ಲ. ನವೆಂಬರ್ ಆರಂಭದಲ್ಲಿ ಮೆಕ್‌ಕ್ಲೆಲನ್‌ರನ್ನು ಸೇನಾಧಿಪತ್ಯದಿಂದ ತೆಗೆದರು.

ನನ್ನ ಮಟ್ಟಿಗೆ ಎಲ್ಲಕ್ಕಿಂತ ದೊಡ್ಡದು 1863ರ ಆಗಸ್ಟ್ 26ರ ಕಾಂಕ್ಲಿಂಗ್ ಪತ್ರ. ಸ್ಪ್ರಿಂಗ್‌ಫೀಲ್ಡಿನ ಬಹಿರಂಗ ಸಭೆಯಲ್ಲಿ ಓದಲೆಂದು ಸ್ನೇಹಿತ ಜೇಮ್ಸ್ ಕಾಂಕ್ಲಿಂಗ್‌ಗೆ ಕಳುಹಿಸಿದ್ದು. ಒಕ್ಕೂಟದ ಪರವಾಗಿದ್ದೂ ವಿಮೋಚನಾ ಘೋಷಣೆಯನ್ನು ಒಪ್ಪದವರನ್ನು ಉದ್ದೇಶಿಸಿದ್ದು. ನೀವು ಕರಿಯರ ಬಿಡುಗಡೆಗಾಗಿ ಹೋರಾಡುವುದಿಲ್ಲ ಎನ್ನುತ್ತೀರಿ, ಅವರಲ್ಲಿ ಕೆಲವರು ನಿಮಗಾಗಿ ಹೋರಾಡಲು ಸಿದ್ಧರಿರುವಂತೆ ಕಾಣುತ್ತದೆ ಎಂದು ಅವರು ಮೆತ್ತಗೆ ಚುಚ್ಚುತ್ತಾರೆ. ನೌಕಾಪಡೆಯನ್ನು ‘ಅಂಕಲ್ ಸ್ಯಾಮ್‌ನ ಜಾಲಪಾದಗಳು’ (ಅಂಕಲ್ ಸ್ಯಾಮ್ ಎಂದರೆ ಅಮೆರಿಕ ದೇಶ, ಜಾಲಪಾದವೆಂದರೆ ಬಾತುಕೋಳಿಯ ಹಾಗೆ ಬೆರಳು ಕೂಡಿದ ಪಾದ) ಎಂದು ಕರೆದು, ಆಳ ಕಡಲಲ್ಲಿ, ಅಗಲ ಕೊಲ್ಲಿಯಲ್ಲಿ, ಇಕ್ಕಟ್ಟಾದ ಕೆಸರು ಕಾಲುವೆಯಲ್ಲಿ, ನೆಲ ಒಂದಿಷ್ಟು ಒದ್ದೆಯಾಗಿದ್ದಲ್ಲೆಲ್ಲ ಅವು ಹೆಜ್ಜೆ ಮೂಡಿಸಿವೆ ಎಂದು ಆಟವಾಡುತ್ತಾರೆ. ಆ ಲಘುವಾದ ವಾಕ್ಯ ಮುಗಿದು ಕೆಲವೇ ಸಾಲುಗಳಲ್ಲಿ, ಶಾಂತಿ ಬಂದಾಗ, ಮಾತಿಲ್ಲದ ನಾಲಿಗೆ, ಬಿಗಿದ ಹಲ್ಲು, ಅಲುಗದ ಕಣ್ಣು, ಸರಿಯಾಗಿ ಹಿಡಿದ ಬಯೊನೆಟ್ಟಿನೊಂದಿಗೆ ಮನುಕುಲವನ್ನು ಆ ಮಹತ್ಕಾರ್ಯಕ್ಕೆ ಸಾಗಿಸಿದೆವೆಂದು ನೆನೆಯಬಲ್ಲ ಕೆಲವು ಕರಿಯರು ಇರುತ್ತಾರೆ, ಕೆಟ್ಟ ಮನಸ್ಸಿನಿಂದ ಅದನ್ನು ತಡೆಯಲು ಯತ್ನಿಸಿದ್ದನ್ನು ಮರೆಯಲಾಗದ ಕೆಲವು ಬಿಳಿಯರೂ ಇರುತ್ತಾರೆ ಎಂಬ ಮಾತು ಬರುತ್ತದೆ. ಜಾಲಪಾದದ ನಗುವಿನಲ್ಲಿ ಸಡಿಲವಾಗಿ ಕುಳಿತ ಕೇಳುಗನಿಗೆ ಈ ಮಾತು ನೇರವಾಗಿ ಬಡಿಯುತ್ತದೆ.

ಪ್ರಶ್ನೆ: ದಕ್ಷಿಣದವರು ನಗಲಿಲ್ಲವೇ?

ಉತ್ತರ: ನಕ್ಕರು. ಜಾರ್ಜಿಯಾದ ರೋಮ್ ಪಟ್ಟಣದ ವಕೀಲ ಚಾರ್ಲ್ಸ್ ಹೆನ್ರಿ ಸ್ಮಿತ್, ಬಿಲ್ ಆರ್ಪ್ ಎಂಬ ಹೆಸರಿನಲ್ಲಿ ಲಿಂಕನ್ನರಿಗೇ ಬಹಿರಂಗ ಪತ್ರಗಳನ್ನು ಬರೆದರು. 1861ರ ಏಪ್ರಿಲ್ 15ರಂದು ಲಿಂಕನ್ 75,000 ಸೈನಿಕರನ್ನು ಕರೆದು, ಬಂಡಾಯಗಾರರು 20 ದಿನಗಳಲ್ಲಿ ಚದುರಬೇಕೆಂದು ಆಜ್ಞಾಪಿಸಿದ್ದರು. ಅವಧಿ ತೀರ ಕಡಿಮೆಯಾಯಿತು, ದಯವಿಟ್ಟು ಇನ್ನಷ್ಟು ಕಾಲ ಕೊಡಿ ಎಂದು ಆರ್ಪ್ ವಿನಯದಿಂದ ಬೇಡಿಕೊಂಡ. ಪತ್ರ ಚುರುಕಾಗಿದೆ, ಇಂದಿಗೂ ನಗಿಸುತ್ತದೆ. ಆದರೆ ಯಾವ ವ್ಯವಸ್ಥೆಯನ್ನು ಉಳಿಸಲು ಆ ಚತುರತೆ ದುಡಿಯಿತು ಎಂಬುದನ್ನು ನೆನಪಿಟ್ಟುಕೊಂಡೇ ನಾನು ಅದನ್ನು ಓದುತ್ತೇನೆ.

ಪ್ರಶ್ನೆ: ಗ್ರಾಂಟ್ ಯಾವ ವಿಸ್ಕಿ ಕುಡಿಯುತ್ತಾರೆಂದು ತಿಳಿಸಿದರೆ ಉಳಿದ ಸೇನಾಧಿಪತಿಗಳಿಗೂ ಒಂದೊಂದು ಪೀಪಾಯಿ ಕಳುಹಿಸುತ್ತೇನೆ ಎಂದು ಲಿಂಕನ್ ಹೇಳಿದ್ದು ನಿಜವೇ?

ಉತ್ತರ: ಅವರದ್ದಲ್ಲ. ಸೇನಾಪತಿ ವುಲ್ಫ್‌ಗೆ ಹುಚ್ಚು ಎಂದು ದೂರಿದವರಿಗೆ, ಹಾಗಾದರೆ ಆತ ನನ್ನ ಬೇರೆ ಸೇನಾಪತಿಗಳನ್ನೂ ಕಚ್ಚಲಿ ಎಂದು ಬ್ರಿಟನ್ನಿನ ಎರಡನೆಯ ಜಾರ್ಜ್ ದೊರೆ ಹೇಳಿದನೆಂಬ ಹಳೆಯ ಕಥೆಯ ಹೊಸ ರೂಪ ಇದು. ತಾನು ಆ ಮಾತು ಆಡಲಿಲ್ಲವೆಂದು ಲಿಂಕನ್ನರೇ ಹೇಳಿದರೆಂದು ಯುದ್ಧ ಇಲಾಖೆಯ ತಂತಿ ಕಚೇರಿಯವರು ನೆನಪಿಸಿಕೊಂಡಿದ್ದಾರೆ. ಕಥೆಗಳ ವಿಷಯದಲ್ಲಿ ತಾನು ಬರೀ ಚಿಲ್ಲರೆ ವ್ಯಾಪಾರಿ ಎಂದು ಅವರು ಹೇಳಿಕೊಳ್ಳುತ್ತಿದ್ದರಂತೆ.

ಪ್ರಶ್ನೆ: ಈ ಹಾಸ್ಯದಲ್ಲಿ ಗುಲಾಮರಾಗಿದ್ದವರ ದನಿ ಎಲ್ಲಿದೆ? ಅವರು ಬಿಳಿಯರ ನಗೆಗೆ ವಸ್ತುವಾಗಿಯೇ ಉಳಿದರೇ?

ಉತ್ತರ: ಬಂದ ಪ್ರಶ್ನೆಗಳಲ್ಲಿ ನನ್ನನ್ನು ಹೆಚ್ಚು ಹೊತ್ತು ಯೋಚಿಸುವಂತೆ ಮಾಡಿದ್ದು ಇದು. ಬಹುಮಟ್ಟಿಗೆ ತಾವು ಹೇಳಿದಂತೆಯೇ ಇತ್ತು. ನ್ಯಾಸ್ಬಿಯ ಪತ್ರಗಳು ಜನಾಂಗದ್ವೇಷವನ್ನು ಬಯಲಿಗೆಳೆಯಲೆಂದು ಬರೆದವು, ಆದರೂ ಅವುಗಳ ತುಂಬ ಇರುವ ಬೈಗುಳದ ಪದಗಳನ್ನು ಇಂದು ಓದುವುದು ಕಷ್ಟ. ಲಿಂಕನ್ನರೂ 1858ರ ಚುನಾವಣಾ ಚರ್ಚೆಗಳಲ್ಲಿ ಬಿಳಿಯ ಶ್ರೋತೃಗಳನ್ನು ನಗಿಸಲು ಜನಾಂಗದ ವಿಷಯವನ್ನು ಬಳಸಿದ್ದರು. ಅದನ್ನು ಮುಚ್ಚಿಡುವುದು ಅವರಿಗೆ ಮಾಡುವ ಗೌರವವಲ್ಲ.

ಆದರೆ ಇನ್ನೊಂದು ದನಿಯೂ ಇತ್ತು. ಈ ಹೊತ್ತಿಗೆ ಬೇಕಾದದ್ದು ಮನವೊಲಿಸುವ ವಾದವಲ್ಲ, ಸುಡುವ ವ್ಯಂಗ್ಯ ಎಂದು, ಗುಲಾಮಗಿರಿಯಿಂದ ತಪ್ಪಿಸಿಕೊಂಡು ಬಂದು ವಾಗ್ಮಿಯಾದ ಫ್ರೆಡರಿಕ್ ಡಗ್ಲಸ್ 1852ರಲ್ಲೇ ರಾಚೆಸ್ಟರಿನ ಭಾಷಣದಲ್ಲಿ ಸಾರಿದ್ದರು. ಯುದ್ಧ ಮುಗಿದು ನಾಲ್ಕು ತಿಂಗಳಾದಾಗ, 1865ರ ಆಗಸ್ಟ್ 7ರಂದು, ಓಹಾಯೊದ ಡೇಟನ್ನಿನಿಂದ ಜೋರ್ಡನ್ ಆಂಡರ್ಸನ್ ಎಂಬುವರು ಒಂದು ಪತ್ರ ಹೇಳಿ ಬರೆಸಿದರು. ಅವರು ಟೆನೆಸಿಯಲ್ಲಿ ಕರ್ನಲ್ ಆಂಡರ್ಸನ್ ಎಂಬವನ ಗುಲಾಮರಾಗಿದ್ದವರು. ಮರಳಿ ಬಂದು ಕೆಲಸಕ್ಕೆ ಸೇರು ಎಂದು ಹಳೆಯ ಒಡೆಯ ಕರೆದಿದ್ದ. ಜೋರ್ಡನ್ ಆಂಡರ್ಸನ್ ಕೃತಜ್ಞತೆ ಹೇಳಿ, ತಮಗೀಗ ತಿಂಗಳಿಗೆ 25 ಡಾಲರ್ ಸಂಬಳ, ಊಟ, ಬಟ್ಟೆ ಸಿಗುತ್ತಿವೆ ಎಂದು ತಿಳಿಸಿ, ಒಡೆಯನ ಪ್ರಾಮಾಣಿಕತೆಯನ್ನು ಪರೀಕ್ಷಿಸಲು ಹಳೆಯ ಬಾಕಿ ಕೇಳುತ್ತಾರೆ. ತಾವು 32 ವರ್ಷ, ಹೆಂಡತಿ ಮ್ಯಾಂಡಿ 20 ವರ್ಷ ದುಡಿದದ್ದಕ್ಕೆ, ತಮಗೆ ತಿಂಗಳಿಗೆ 25 ಡಾಲರ್, ಮ್ಯಾಂಡಿಗೆ ವಾರಕ್ಕೆ 2 ಡಾಲರ್‌ನಂತೆ 11,680 ಡಾಲರ್. ಅದಕ್ಕೆ ಬಡ್ಡಿ ಸೇರಿಸಿ, ತಮಗೆ ಕೊಟ್ಟ ಬಟ್ಟೆ, ಮೂರು ಸಲ ವೈದ್ಯರು ಬಂದದ್ದು, ಮ್ಯಾಂಡಿಯ ಒಂದು ಹಲ್ಲು ಕೀಳಿಸಿದ್ದು, ಇವುಗಳ ಖರ್ಚನ್ನು ಕಳೆಯಬೇಕು. ಪತ್ರದ ಕೊನೆಯಲ್ಲಿ ಜಾರ್ಜ್ ಕಾರ್ಟರನಿಗೆ ನಮಸ್ಕಾರ ತಿಳಿಸಿ, ನೀವು ನನ್ನ ಮೇಲೆ ಗುಂಡು ಹಾರಿಸುತ್ತಿದ್ದಾಗ ನಿಮ್ಮ ಕೈಯಿಂದ ಪಿಸ್ತೂಲು ಕಸಿದುಕೊಂಡದ್ದಕ್ಕೆ ನನ್ನ ವಂದನೆ ಹೇಳಿ ಎನ್ನುತ್ತಾರೆ. ಅದೇ ತಿಂಗಳು ಪತ್ರಿಕೆಗಳು ಇದನ್ನು ಅಚ್ಚುಮಾಡಿದವು. ದನಿ ಎತ್ತದೆ, ಒಂದು ಬೈಗುಳವಿಲ್ಲದೆ, ಲೆಕ್ಕದ ಪುಸ್ತಕದ ಸಭ್ಯತೆಯಲ್ಲಿ ಬರೆಸಿದ ಈ ಪತ್ರವನ್ನು ಆ ಕಾಲದ ಯಾವ ವೃತ್ತಿಪರ ಹಾಸ್ಯಗಾರನ ಪುಟದ ಪಕ್ಕದಲ್ಲಿಯೂ ನಾನು ನಿಸ್ಸಂಕೋಚವಾಗಿ ಇಡುತ್ತೇನೆ.

ಪ್ರಶ್ನೆ: ಸ್ನಾತಕೋತ್ತರ ವಿದ್ಯಾರ್ಥಿನಿ ನಾನು. ಈ ವಿಷಯದಲ್ಲಿ ಪ್ರಬಂಧ ಬರೆಯಬೇಕೆಂದಿದ್ದೇನೆ. ಎಲ್ಲಿಂದ ಆರಂಭಿಸಲಿ?

ಉತ್ತರ: ಲಿಂಕನ್ ಸ್ವಂತ ಕೈಯಲ್ಲಿ ಬರೆದ ಪತ್ರಗಳಿಂದ ಆರಂಭಿಸಿ. 1862ರಿಂದ 1864ರವರೆಗಿನವು ನಿಮ್ಮ ಕೆಲಸಕ್ಕೆ ಸಾಕಷ್ಟಾಗುತ್ತವೆ. ಅನಂತರ ಚೇಸ್ ದಿನಚರಿಯ ಸೆಪ್ಟೆಂಬರ್ 22ರ ಪುಟ. ಅಂದಂದೇ ಬರೆದ ಸಾಕ್ಷ್ಯವನ್ನೂ ಕೊಲೆಯ ನಂತರ ನೆನಪಿನಿಂದ ಬರೆದದ್ದನ್ನೂ ಬೇರೆ ಬೇರೆ ಇಟ್ಟುಕೊಳ್ಳಿ. ಈ ವಿಷಯದ ಮೇಲೆ ಬಂದ ಅರ್ಧ ಬರಹಗಳು ಎಡವುವುದು ಅಲ್ಲೇ. ವಾರ್ಡ್ ಮತ್ತು ನ್ಯಾಸ್ಬಿಯ ಬರಹಗಳು ಮೊದಲ ನೋಟಕ್ಕೆ ಓದಲಾಗದಷ್ಟು ತಪ್ಪು ಕಾಗುಣಿತದಿಂದ ತುಂಬಿವೆ. ಅವನ್ನು ಕಣ್ಣಿನಿಂದ ಬಿಡಿಸಲು ಹೋಗಬೇಡಿ, ಗಟ್ಟಿಯಾಗಿ ಓದಿ, ಲಿಂಕನ್ ಓದಿದ್ದೂ ಹಾಗೆಯೇ. ನ್ಯಾಸ್ಬಿಯ ಪ್ರತಿಯೊಂದು ಪತ್ರದ ತಾರೀಖನ್ನು ಯುದ್ಧದ ಆ ವಾರದ ಘಟನೆಗಳ ಜೊತೆ ಹೊಂದಿಸಿ ನೋಡಿ, ಏಕೆಂದರೆ ಭರ್ತಿಯ ಆಜ್ಞೆ ತಿಳಿಯದಿದ್ದರೆ ಆ ಹೋದ ಕಣ್ಣಿನ ತಮಾಷೆಯೂ ತಿಳಿಯುವುದಿಲ್ಲ.